ಊರು ಬಿಟ್ಟ ಹಕ್ಕಿಗಳ ಪಟ್ಟಿ

ಜನವರಿ 11, ಎಂಟೆಬೆ

ಇವತ್ತಿನ ಗಿರಾಕಿಗಳು ಯಾವುದೋ ಚಳಿ ದೇಶದ ಗಂಡ ಹೆಂಡತಿ. ಗಂಡನ ಅಂಗಿಗೆ ಹದಿನೈದು ಜೇಬು, ಒಂದರಲ್ಲೂ ಏನೂ ಇಲ್ಲ. ಹೆಂಡತಿಯ ಕೈಯಲ್ಲೊಂದು ಪುಸ್ತಕ. ಹಕ್ಕಿ ಕಂಡ ಕೂಡಲೇ ಅದನ್ನು ನೋಡುವುದು ಬಿಟ್ಟು ಪುಸ್ತಕದಲ್ಲಿ ಗೀಟು ಹಾಕುತ್ತಾಳೆ, ಅಂಗಡಿಯವನು ಸಾಮಾನಿನ ಚೀಟಿಗೆ ಹಾಕಿದ ಹಾಗೆ. ಮಬಾಂಬಾ ಜೌಗಿನಲ್ಲಿ ದೋಣಿ ಹತ್ತಿ ಒಂದು ಗಂಟೆ ಜೊಂಡಿನ ನಡುವೆ ತಳ್ಳಿಸಿಕೊಂಡು ಹೋದೆವು. ಬುಲ್ವೆ ಕೊಕ್ಕರೆ ಸಿಕ್ಕಿತು. ಬೂಟಿನಂಥ ಕೊಕ್ಕು ಹೊತ್ತುಕೊಂಡು, ಕೂಲಿ ಸಿಗದೆ ನಿಂತ ಗಾರೆಯವನ ಹಾಗೆ ಕೆಸರಲ್ಲಿ ನಿಂತಿತ್ತು. ಇದನ್ನು ನೋಡಲು ಇವರು ಸಮುದ್ರ ದಾಟಿ ಬರುತ್ತಾರೆ. ದೋಣಿಯವನು ಮಾತ್ರ ಮುಖ ತಿರುಗಿಸಿ ಕೂತ. ಅವನ ಅಜ್ಜನ ಕಾಲದಲ್ಲಿ ಬುಲ್ವೆ ಕಂಡರೆ ಅವತ್ತು ಮೀನು ಬೀಳುವುದಿಲ್ಲ ಎಂದು ಬಲೆ ಮಡಚಿ ಮನೆಗೆ ಹೋಗುತ್ತಿದ್ದರು. ಈಗ ಅದೇ ಅಪಶಕುನವನ್ನು ದಿನಾ ಹುಡುಕಿ ತೋರಿಸುವುದೇ ಕಸುಬು, ಆದರೂ ಅದರ ಮುಖ ನೋಡಲಾರ. ಮುಠ್ಠಾಳ.

ನಮ್ಮ ಪ್ರವಾಸ ಕಂಪನಿಯ ಮ್ಯಾನೇಜರ್ ಅಸೀಮ್ವೆ ನನಗೊಂದು ಬಾಲ ಅಂಟಿಸಿದ್ದಾನೆ. ನಕಿಬೂಲೆ ಎಂದು ಹೆಸರು. ಮೂವತ್ತೆಂಟರ ಹೆಂಗಸು, ಕಟೋಲೆ ಕಾಡಿನ ಪಕ್ಕದ ಊರಿನವಳು, ಸೌದೆ ಆರಿಸುತ್ತಲೇ ಹಕ್ಕಿ ಕಲಿತವಳಂತೆ. ಸೌದೆ ಆರಿಸುವವರೆಲ್ಲ ಗೈಡುಗಳಾದರೆ ನಾನು ಒಲೆ ಊದಬಹುದು.

ನಮಸ್ಕಾರ ಮಾಡುವುದಕ್ಕೂ ಬರುವುದಿಲ್ಲ ಅವಳಿಗೆ. ನಮ್ಮ ತಾಯಿ ಕಲಿಸಿದ್ದು ಹೀಗೆ: ಮಂಡಿಯೂರಿ, ರಾತ್ರಿ ಹೇಗೆ ಕಳೆಯಿತು, ಮನೆಯವರು ಹೇಗಿದ್ದಾರೆ ಎಂದು ಕೇಳಿ, ಆಮೇಲೆ ಒಬ್ಬರಾದ ಮೇಲೊಬ್ಬರು ‘ಹ್ಞೂಂ’ ಅನ್ನುತ್ತ ಹೋಗಬೇಕು, ದನಿ ಇಳಿದು ಇಳಿದು ತಾನಾಗಿ ಆರುವವರೆಗೆ. ಇವಳು ಮಂಡಿಯೂರಿದಳು, ತಲೆ ತಗ್ಗಿಸಿದಳು, ಎರಡೇ ಎರಡು ‘ಹ್ಞೂಂ’. ಮೂರನೆಯದಕ್ಕೆ ಕಾದು ನಾನು ಪೆದ್ದನಾದೆ. ಮುಗಿಸಿದ ಮೇಲೂ ಸುಮ್ಮನೆ ಮಂಡಿಯೂರಿಕೊಂಡೇ ಇದ್ದಳು, ಕಾಲು ಹಿಡಿದಿತ್ತೇನೋ.

ಜೊಂಡಿನಲ್ಲಿ ಉಲಿಯಕ್ಕಿ ಒಂದೂ ಇಲ್ಲ. ಹೋದ ವರ್ಷ ಕಡಿಮೆಯಾಗಿತ್ತು, ಈ ವರ್ಷ ಪೂರ್ತಿ ಇಲ್ಲ. ಈ ಪುಸ್ತಕದ ಕೊನೆಯ ಪುಟದಲ್ಲಿ ‘ಊರು ಬಿಟ್ಟ ಹಕ್ಕಿಗಳು’ ಎಂದು ಒಂದು ಪಟ್ಟಿ ಇಟ್ಟಿದ್ದೇನೆ. ಅದಕ್ಕೆ ಇದೂ ಸೇರಿತು.

ಜನವರಿ 12

ನನ್ನ ಹೆಂಡತಿ ನಲೋಂಗೊ ಸಂತೆಯವಳ ಹಾಗೆ ಕಿರುಚುವುದು ಕಲಿತಿದ್ದಾಳೆ. ಬೇಯಿಸಿದ ಬಾಳೆಕಾಯಿ ಬಡಿಸಿ, “ಮತೋಕೆ ಆರಿ ಹೋಗ್ತಿದೆ” ಎಂಬುದನ್ನು ಕಂಪಾಲಾಕ್ಕೆ ಕೇಳುವ ಹಾಗೆ ಹೇಳಿದಳು. ಅವಳಿ ಮಕ್ಕಳು ಹುಟ್ಟಿದಾಗಿನಿಂದ ಊರಿಗೆಲ್ಲ ಅವಳು ನಲೋಂಗೊ, ನಾನು ಸಲೋಂಗೊ. ಆ ಕಾಲದಲ್ಲಿ ಎಷ್ಟು ಮೆತ್ತನೆಯ ದನಿಯಿತ್ತು ಅವಳಿಗೆ. ರೇಡಿಯೊ ಕೂಡ ಕೆಟ್ಟಿದೆ, ವಾರ್ತೆ ಓದುವವನು ಬಾಯಲ್ಲಿ ಅವರೆಕಾಳು ಇಟ್ಟುಕೊಂಡವನ ಹಾಗೆ ಓದುತ್ತಾನೆ. ಎರಡು ಸಲ ಬ್ಯಾಟರಿ ಬದಲಾಯಿಸಿದೆ.

ಜನವರಿ 19

ಸಸ್ಯೋದ್ಯಾನ. ಕೆರೆಯ ಪಕ್ಕದ ದೊಡ್ಡ ಮರಗಳ ಕೆಳಗೆ ಒಬ್ಬಳು ಫೋನು ಎತ್ತಿ ಹಿಡಿದು ನಡೆಯುತ್ತಿದ್ದಳು. ಹಕ್ಕಿಯ ದನಿ ಕೇಳಿ ಅದು ಹೆಸರು ಹೇಳುತ್ತದಂತೆ. ಫೋನು ಸೂರಕ್ಕಿ ಅಂದಿತು. ನಾನು ಇಲ್ಲ ಅಂದೆ. ಫೋನು ಮತ್ತೆ ಅಂದಿತು. ಅವಳು ಫೋನನ್ನೇ ನಂಬಿ ಕತ್ತೆತ್ತಿದಳು, ಅಲ್ಲೊಂದು ಸೂರಕ್ಕಿ ಕೂತಿತ್ತು. ಕಾಗೆ ಕೂರುವುದಕ್ಕೂ ಟೊಂಗೆ ಮುರಿಯುವುದಕ್ಕೂ ಸರಿಹೋಯಿತು, ಅಷ್ಟೇ.

ನಕಿಬೂಲೆ ಏನೋ ಗೊಣಗಿದಳು. ಈಚಿನವರಿಗೆ ಬಾಯಿ ಬಿಟ್ಟು ಮಾತಾಡುವುದೇ ಮರೆತಿದೆ.

ಫೆಬ್ರವರಿ 2

ಕಟೋಲೆ ಕಾಡು. ನನ್ನ ಕಾಡು ಅನ್ನಬೇಕು. ಇಪ್ಪತ್ತು ವರ್ಷದ ಹಿಂದೆ ಬಿಳಿಹುಬ್ಬಿನ ಉಲಿಯಕ್ಕಿ ಇಲ್ಲಿದೆ ಎಂದು ಮೊದಲು ಹೇಳಿದವನು ನಾನು. ನೋಡಿ ಅಲ್ಲ, ಕೇಳಿ. ಎರಡು ಉದ್ದ, ನಾಲ್ಕು ಗಿಡ್ಡ, ಕೊನೆಗೊಂದು ಎಳೆತ, ಸೂಜಿಯಿಂದ ಬಟ್ಟೆ ಚುಚ್ಚಿದಷ್ಟು ಸಣ್ಣ ದನಿ. ದೊಡ್ಡ ದೊಡ್ಡ ಪಂಡಿತರು ಬಂದು ಮೂರು ದಿನ ಕುತ್ತಿಗೆ ನೋಯಿಸಿಕೊಂಡು ಆಮೇಲೆ ಒಪ್ಪಿದರು. ಹಕ್ಕಿಯನ್ನು ಕಿವಿಯಿಂದ ಹುಡುಕಬೇಕು. ಕಣ್ಣಿಂದ ಹುಡುಕುವುದು ಪ್ರವಾಸಿಗಳ ಕೆಲಸ.

ಇವತ್ತು ಅಂಜೂರದ ಮರದ ಕೆಳಗೆ ನಕಿಬೂಲೆ ನಿಂತುಬಿಟ್ಟಳು.

“ಸಲೋಂಗೊ, ಬಿಳಿಹುಬ್ಬಿಂದು ಹಾಡ್ತಿದೆ.”

“ಎಲ್ಲಿ?”

“ಮೇಲೆ. ಈಗ್ಲೂ ಹಾಡ್ತಾನೇ ಇದೆಯಲ್ಲ.”

“ನಿನ್ನ ತಲೇಲಿ ಹಾಡ್ತಿರ್ಬೇಕು. ಇಳಿಸ್ಕೊಂಡು ಬಾ.”

ಗಿರಾಕಿಗಳು ನಕ್ಕರು. ಅವಳು ನಗಲಿಲ್ಲ. ಶಾಲೆ ಮಕ್ಕಳ ಒಂದು ನೋಟುಬುಕ್ಕು ಇಟ್ಟುಕೊಂಡಿದ್ದಾಳೆ, ಅದರಲ್ಲಿ ಬರೆದುಕೊಂಡಳು. ದಿನದ ಕೊನೆಗೆ ನನ್ನ ಲೆಕ್ಕ ಮೂವತ್ತೇಳು ಬಗೆ ಹಕ್ಕಿ, ಅವಳದು ನಲವತ್ತನಾಲ್ಕು. ಹೆಚ್ಚಿನ ಏಳೂ ಸಣ್ಣ ದನಿಯವೇ. ಕಾಣದ್ದನ್ನು ಸೇರಿಸುವವರಿಗೆ ಯಾವಾಗಲೂ ಇಂಥವೇ ಅನುಕೂಲ, ಯಾರೂ ಹಿಡಿಯಲಾರರು.

ಫೆಬ್ರವರಿ 3

ಅಸೀಮ್ವೆಯ ಆಫೀಸು. ಹುಡುಗು ಮುಖ, ದೊಡ್ಡ ಮೇಜು. ಹಕ್ಕಿ ಅಂದರೆ ಅವನಿಗೆ ಗೊತ್ತಿರುವುದು ತಟ್ಟೆಯ ಮೇಲಿನದು ಮಾತ್ರ. ಹಿರಿಯನೆಂದು ನನ್ನನ್ನು ‘ಮ್ಜೇ’ ಅನ್ನುತ್ತಾನೆ.

“ಮ್ಜೇ, ಈ ವರ್ಷದ ಪಟ್ಟಿ ಮಾರ್ಚ್ ಮೂವತ್ತಕ್ಕೆ ಬೇಕು. ನಿಮ್ಮ ಸಹಿ ಇದ್ರೆ ಸಾಕು, ನಾನು ಮರುಮಾತಾಡಲ್ಲ.”

“ಕಟೋಲೆ ಈ ಸಲ ನಲವತ್ತು ಮುಟ್ಟಲ್ಲ.”

“ಹಾಗಿದ್ರೆ ಕಟೋಲೆ ಪ್ರವಾಸ ನಿಲ್ಸೋಣ. ನಲವತ್ತಿಲ್ಲದ ಜಾಗಕ್ಕೆ ನಾವು ಜನ ಕರ್ಕೊಂಡು ಹೋಗಲ್ಲ. ಅದು ನೀವೇ ಮಾಡಿದ ನಿಯಮ.”

ಹೌದು, ನಾನೇ ಮಾಡಿದ್ದು. ಹೊರಗೆ ವ್ಯಾನಿನ ಹತ್ತಿರ ನಕಿಬೂಲೆ ಕಾದಿದ್ದಳು.

“ನಮ್ಮ ಕುಲದ ಹಿರಿಯರು ಆ ಕಾಡು ಉಳ್ಸಿರೋದೇ ನೀವು ಜನ ಕರ್ಕೊಂಡು ಬರ್ತೀರಂತ. ನೀವು ನಿಲ್ಸಿದ ಮಾರನೇ ವಾರವೇ ಗರಗಸ ತರಿಸ್ತಾರೆ ಸಲೋಂಗೊ. ಕಡಿದು ನೀಲಗಿರಿ ಹಾಕ್ತಾರೆ.”

“ಹಾಕ್ಲಿ ಬಿಡು. ಹಕ್ಕಿ ಇಲ್ಲದ ಕಾಡು ಕಾಡಾ?”

ಅಂದುಬಿಟ್ಟೆ. ಆಮೇಲೆ ಊಟ ರುಚಿಸಲಿಲ್ಲ. ನಲೋಂಗೊಗೆ ಉಪ್ಪು ಹಾಕುವುದೂ ಮರೆತಿದೆ.

ಲುಕ್ವಾಗೊ ನೆನಪಾದ. ಹನ್ನೆರಡು ವರ್ಷದ ಹಿಂದೆ ನನ್ನ ಕೆಳಗೆ ಗೈಡಾಗಿದ್ದ. ಮಬಾಂಬಾದಲ್ಲಿ ಇಲ್ಲದ ಹಕ್ಕಿಯೊಂದನ್ನು ಕೇಳಿದೆ ಎಂದು ಬರೆದ. ನಾನು ಅವನ ಪಕ್ಕದಲ್ಲೇ ಇದ್ದೆ, ಹುಲ್ಲುಕಡ್ಡಿ ಅಲುಗಿದ ಸದ್ದೂ ಇರಲಿಲ್ಲ. ಎಲ್ಲರೆದುರು ಅವನ ಪಟ್ಟಿ ಓದಿ, ಮಾನ ತೆಗೆದು, ಕೆಲಸದಿಂದ ಕಳಿಸಿದೆ. ಈಗ ಕಿಟೋರೊ ತಿರುವಿನಲ್ಲಿ ಬಾಡಿಗೆಗೆ ಬೋಡಾ ಬೈಕ್ ಓಡಿಸುತ್ತಾನೆ, ನನ್ನನ್ನು ಕಂಡರೆ ತಲೆ ತಗ್ಗಿಸುತ್ತಾನೆ. ತಗ್ಗಿಸಲಿ. ಸುಳ್ಳು ಹಕ್ಕಿ ಬರೆದವನಿಗೆ ಅದೇ ಸರಿ.

ಫೆಬ್ರವರಿ 16

ಲುಟೆಂಬೆ ಕೊಲ್ಲಿ. ರೆಕ್ಕೆಯಿರುವ ಬಿಳಿಯರು ಸಾವಿರಾರು, ಚಳಿಗೆ ಹೆದರಿ ಓಡಿ ಬಂದವರು. ರೆಕ್ಕೆಯಿಲ್ಲದವರು ನಾಲ್ವರು, ನನ್ನ ದೋಣಿಯಲ್ಲಿ.

ನಕಿಬೂಲೆಗೆ ಒಂದು ಕೆಟ್ಟ ಚಾಳಿ ಹತ್ತಿದೆ. ನನ್ನ ಮೊಣಕೈ ಮುಟ್ಟುತ್ತಾಳೆ. ಎಡಕ್ಕೊಂದು ತಟ್ಟು, ಬಲಕ್ಕೆರಡು. ಹಿರಿಯರನ್ನು ಹೀಗೆ ಬಾಗಿಲು ತಟ್ಟಿದ ಹಾಗೆ ತಟ್ಟುವ ಹೆಂಗಸನ್ನು ನಾನು ಕಂಡಿಲ್ಲ. ಆದರೆ ತಟ್ಟಿದ ಕಡೆ ತಿರುಗಿದರೆ ಅಲ್ಲಿ ಹಕ್ಕಿ ಇರುತ್ತದೆ. ಇವತ್ತು ಹಾಗೆ ತಿರುಗಿ ಒಂದು ಸಣ್ಣ ಮಿಂಚುಳ್ಳಿಯ ಹೆಸರು ಹೇಳಿದೆ. “ಎಂಥ ಕಿವಿ ನಿಮ್ಮದು” ಎಂದು ಗಿರಾಕಿಯೊಬ್ಬ ಬೆರಗಾದ. ಹೊಗಳಿಕೆಯಲ್ಲೂ ಇವರಿಗೆ ಹೊಸ ಮಾತು ಸಿಗುವುದಿಲ್ಲ.

ಸಂಜೆ ನಲೋಂಗೊ ಶುರು ಮಾಡಿದಳು.

“ಕಿವಿ ಒಂದ್ಸಲ ಡಾಕ್ಟರಿಗೆ ತೋರ್ಸಿ.”

“ಈ ಕಿವಿಯಿಂದ್ಲೇ ಮೂವತ್ತೊಂದು ವರ್ಷ ನಿನ್ನ ಮಕ್ಕಳನ್ನ ಸಾಕಿದ್ದೀನಿ.”

“ಅದಕ್ಕೇ ಸವೆದಿರ್ಬೇಕು.”

ನಾಲಿಗೆ ಮಾತ್ರ ಸವೆದಿಲ್ಲ ಅವಳದು. ಮಂಗಟ್ಟೆ ಹಕ್ಕಿ ಅರ್ಧ ಮೈಲಿಯಿಂದ ಕೂಗಿದರೂ ನನಗೆ ಕೇಳುತ್ತದೆ. ಕಾಡುಪಾರಿವಾಳ ಕೇಳುತ್ತದೆ. ಕೆಟ್ಟ ಕಿವಿಯಾದರೆ ದೊಡ್ಡದನ್ನು ಕೇಳಿಸಿ ಸಣ್ಣದನ್ನು ಬಿಡುತ್ತದೆಯೇ? ಕಿವಿಗೇನು ಜಾತಿಭೇದವೇ?

ಮಾರ್ಚ್ 1

ಹಿತ್ತಲಿನ ಜೀರುಂಡೆಗಳೂ ಊರು ಬಿಟ್ಟವು. ಪಟ್ಟಿಗೆ ಸೇರಿಸಲಿಲ್ಲ, ಹಕ್ಕಿಯಲ್ಲ.

ಮಾರ್ಚ್ 8

ಕಜಾನ್ಸಿಯ ಆಚೆಯ ಹುಲ್ಲುಗಾವಲು. ದಾರಿಯಲ್ಲಿ ಕಸದ ಗುಡ್ಡೆಯ ಮೇಲೆ ಬೋಳುತಲೆಯ ಕಲೋಲಿ ಕೊಕ್ಕರೆಗಳು ಸಾಲಾಗಿ ನಿಂತಿದ್ದವು. ಒಬ್ಬ ಗಿರಾಕಿ ಮೂಗು ಮುಚ್ಚಿಕೊಂಡ. ನಗರದಲ್ಲಿ ನಾಟಕವಾಡದೆ ಬದುಕುವ ಪ್ರಾಣಿ ಅದೊಂದೇ, ಅದನ್ನು ಕಂಡರೆ ಇವನಿಗೆ ವಾಕರಿಕೆ.

ಹುಲ್ಲಿನ ನಡುವೆ ಆ ಗಿರಾಕಿ ನನ್ನನ್ನು ಪರೀಕ್ಷೆ ಮಾಡಲು ಹೊರಟ. ಕಣ್ಣು ಮುಚ್ಚಿ ನಿಂತು, “ಈಗ ಕೂಗ್ತಾ ಇರೋದು ಯಾವ್ದು ಹೇಳಿ ನೋಡೋಣ” ಅಂದ. ಏನೂ ಕೂಗುತ್ತಿರಲಿಲ್ಲ. ಹೇಳಬೇಕೆಂದುಕೊಂಡೆ, ಏನೂ ಇಲ್ಲ ಕಣಯ್ಯ, ಗಾಳಿ ಅಂತ. ಅಷ್ಟರಲ್ಲಿ ನಕಿಬೂಲೆ ಮುಂದೆ ಬಂದು ಎಡವಿದಳು, ನೀರಿನ ಬಾಟಲಿಗಳೆಲ್ಲ ಚೆಲ್ಲಾಪಿಲ್ಲಿ. ಎಲ್ಲರೂ ಬಗ್ಗಿ ಆರಿಸಿದೆವು, ಪರೀಕ್ಷೆ ಮರೆತುಹೋಯಿತು. ಚಪ್ಪಟೆ ನೆಲದಲ್ಲಿ ಎಡವುವುದಕ್ಕೂ ಒಂದು ಯೋಗ್ಯತೆ ಬೇಕು.

ವಾಪಸು ಬರುವಾಗ ಕೇಳಿದೆ, “ಕಾಲಿಗೇನಾಗಿತ್ತು?”

ಅವಳು ನನ್ನ ಕಡೆ ಪೂರ್ತಿ ತಿರುಗಿ, ನಿಧಾನವಾಗಿ, “ಕಾಲಿಗೆ ಏನೂ ಆಗಿಲ್ಲ ಸಲೋಂಗೊ” ಅಂದಳು. ಈಚೆಗೆ ಹೀಗೆ ಎದುರು ನಿಂತು ಬಿಡಿಸಿ ಬಿಡಿಸಿ ಮಾತಾಡುತ್ತಾಳೆ, ನಾನೇನೋ ಒಂದನೇ ಕ್ಲಾಸಿನವನು ಎಂಬಂತೆ. ಒಂದು ಅನುಕೂಲ, ಮಾತು ಅರ್ಥವಾಗುತ್ತದೆ.

ಮಾರ್ಚ್ 22

ಕಟೋಲೆ, ಈ ವರ್ಷದ ಕೊನೆಯ ಎಣಿಕೆ. ಗಿರಾಕಿಗಳಿಲ್ಲ, ನಾವಿಬ್ಬರೇ. ಕಾಡಿನ ಅಂಚಿನ ಮರಗಳಿಗೆ ಕೆಂಪು ಬಣ್ಣದ ಗುರುತು ಹಾಕಿದ್ದಾರೆ. ಎಣಿಕೆ ಮುಗಿಯುವ ಮೊದಲೇ ಹೆಣಕ್ಕೆ ಅಳತೆ ತೆಗೆದ ಹಾಗೆ. ಅಂಜೂರಕ್ಕೂ ಹಾಕಿದ್ದಾರೆ. ಕುಲದ ಹಿರಿಯರಂತೆ, ಹಿರಿಯರು. ಒಬ್ಬನಿಗೂ ಆ ಮರದ ವಯಸ್ಸಿಲ್ಲ.

ಬೆಳಗಿನಿಂದ ಮಧ್ಯಾಹ್ನದವರೆಗೆ ನಡೆದೆ. ಮಂಗಟ್ಟೆ, ಪಾರಿವಾಳ, ಟುರಾಕೊ. ಉಳಿದದ್ದೆಲ್ಲ ಮೌನ. ಇಷ್ಟು ಮೌನ ನಾನು ಯಾವ ಕಾಡಿನಲ್ಲೂ ಕೇಳಿಲ್ಲ. ಮೂವತ್ತೇಳೇ. ಹಳೆಯ ಸ್ನೇಹಕ್ಕೆ ಮೂರನ್ನು ಸೇರಿಸಿದ್ದರೆ ನಲವತ್ತಾಗುತ್ತಿತ್ತು, ಸೇರಿಸಲಿಲ್ಲ.

ಅವಳ ಮನೆಯಲ್ಲಿ ತಾಯಿ ಶೇಂಗಾ ಸಾರು, ಮತೋಕೆ ಬಡಿಸಿದಳು. ಉಣ್ಣುತ್ತ ನಾನೇ ನಕಿಬೂಲೆಯ ಹತ್ತಿರ ಮಾತು ತೆಗೆದೆ.

“ನಿಂಗೇನು ಬೇಕು? ನಾನು ಸುಳ್ಳು ಬರೀಬೇಕಾ?”

“ಬೇಡ.”

“ಮತ್ತೆ?”

“ನನ್ನ ಜೊತೆ ಅಂಜೂರದ ಕೆಳಗೆ ಬಂದು ಕೂತ್ಕೊಂಡು ಮೇಲೆ ನೋಡಿ. ಕೇಳ್ಬೇಡಿ. ಬರೀ ನೋಡಿ.”

“ನನಗೆ ಹಕ್ಕಿ ನೋಡೋದು ಹೇಳ್ಕೊಡ್ತೀಯಾ?”

“ಇಲ್ಲ ಸಲೋಂಗೊ. ನಂಗೆ ಈ ಹಾಡು ಹೇಳ್ಕೊಟ್ಟಿದ್ದೇ ನೀವು. ನಾನು ಸೌದೆ ಹೊತ್ಕೊಂಡು ಹೋಗ್ತಿದ್ದೆ, ನೀವು ಬಿಳಿಯರಿಗೆ ಹೇಳ್ತಿದ್ರಿ, ಎರಡು ಉದ್ದ, ನಾಲ್ಕು ಗಿಡ್ಡ, ಕೊನೇಗೊಂದು ಎಳೆತ ಅಂತ. ಹೊರೆ ಇಳಿಸಿ ನಿಂತು ಕೇಳಿದ್ದೆ.”

ಹೊತ್ತಾಯಿತು ಎಂದು ಎದ್ದುಬಿಟ್ಟೆ. ಸೌದೆ ಹೊರುವ ಹುಡುಗಿ ಯಾರೂ ನನಗೆ ನೆನಪಿಲ್ಲ. ಆಗ ನಾನು ಅಂಥವರ ಕಡೆ ನೋಡುತ್ತಿರಲಿಲ್ಲ.

ಮಾರ್ಚ್ 27

ಅಸೀಮ್ವೆ ಕರೆಸಿ ಕೇಳಿದ, “ಆ ಹೆಂಗಸು ಹೇಗೆ? ಕೆಲ್ಸಕ್ಕೆ ಬರ್ತಾಳಾ, ಇಲ್ಲ ಕಳಿಸಿಬಿಡ್ಲಾ?” ಅವಳ ನೋಟುಬುಕ್ಕಿನ ಸುದ್ದಿ ಅವನಿಗೆ ಗೊತ್ತೇ ಇಲ್ಲ. ಎರಡೂವರೆ ತಿಂಗಳಿಂದ ನನ್ನ ಎಣಿಕೆ ತಪ್ಪು ಎಂದು ಅವಳು ನಂಬಿದ್ದಾಳೆ, ಅವಳ ಊರಿನ ಕಾಡು ಅದರಿಂದಲೇ ಹೋಗುತ್ತಿದೆ, ಆದರೂ ಆಫೀಸಿನಲ್ಲಿ ಒಂದು ಮಾತು ಆಡಿಲ್ಲ. ನಾನಾಗಿದ್ದರೆ ಮೊದಲ ದಿನವೇ ಆಡುತ್ತಿದ್ದೆ. ಎಲ್ಲರೆದುರು ಓದುತ್ತಿದ್ದೆ.

“ಇರ್ಲಿ” ಅಂದೆ. “ಪರವಾಗಿಲ್ಲ.”

ಮಾರ್ಚ್ 29

ಬರೆದುಬಿಟ್ಟೆ.

ಕಟೋಲೆ, ನಲವತ್ತನಾಲ್ಕು. ಅವಳ ನೋಟುಬುಕ್ಕಿನ ಏಳು ಹಕ್ಕಿಗಳನ್ನು ನನ್ನ ಕೈಬರಹದಲ್ಲಿ ಇಳಿಸಿ, ಕೆಳಗೆ ಸಹಿ ಹಾಕಿ, ಅಸೀಮ್ವೆಯ ಮೇಜಿನ ಮೇಲಿಟ್ಟು ಬಂದೆ. ಅವನು ಓದಲೂ ಇಲ್ಲ, ಮುದ್ರೆ ಒತ್ತಿದ. ಮುಂದಿನ ವರ್ಷವೂ ಕಟೋಲೆಗೆ ಜನ ಹೋಗುತ್ತಾರೆ. ಕೆಂಪು ಬಣ್ಣ ಕೆರೆದು ತೆಗೆಯಬಹುದು.

ಮೂವತ್ತೊಂದು ವರ್ಷದಲ್ಲಿ ಮೊದಲ ಸುಳ್ಳು. ಕೇಳದ ಹಕ್ಕಿಯನ್ನು ಕೇಳಿದೆ ಎಂದು ಬರೆದೆ. ಲುಕ್ವಾಗೊ ಒಂದು ಬರೆದ, ನಾನು ಏಳು. ಕನ್ನಡಿಯಲ್ಲಿ ಮುಖ ನೋಡಿಕೊಳ್ಳಲು ನಾಚಿಕೆಯಾಗುತ್ತಿದೆ. ಮುಪ್ಪಿಗೆ ಬಂದ ಮೇಲೆ ಕರುಳು ಮೆತ್ತಗಾಗಿ ಹೆಂಗಸೊಬ್ಬಳ ಸಪ್ಪೆ ಮುಖಕ್ಕೆ ಕೆಲಸದ ಮರ್ಯಾದೆ ಮಾರಿದೆ. ಅವಳಿಗೆ ಹೇಳಿದೆ. ಕುಣಿಯುತ್ತಾಳೆ ಅಂದುಕೊಂಡಿದ್ದೆ.

“ನೀವು ಸುಳ್ಳು ಬರ್ದಿಲ್ಲ” ಅಂದಳು, ಎದುರು ನಿಂತು, ಬಿಡಿಸಿ ಬಿಡಿಸಿ. “ಮಂಗಳವಾರ ಬೆಳಿಗ್ಗೆ ಬನ್ನಿ. ನೋಡೋಕೆ.”

ಮಾರ್ಚ್ 31, ಮಂಗಳವಾರ

ಹೋದೆ. ಹೇಳಿದ ಸುಳ್ಳು ಎಷ್ಟು ದೊಡ್ಡದೆಂದು ನೋಡಿ ಬರೋಣ ಎಂದೇ ಹೋದೆ.

ಅಂಜೂರದ ಬೇರಿನ ಮೇಲೆ ಕೂತೆವು. ಪ್ರವಾಸಿಯ ಹಾಗೆ ದುರ್ಬೀನು ಕಣ್ಣಿಗಿಟ್ಟುಕೊಂಡು, ಪ್ರವಾಸಿಯ ಹಾಗೆ ಕುತ್ತಿಗೆ ನೋಯಿಸಿಕೊಂಡು ಎಲೆ ಎಲೆಯನ್ನೂ ಹುಡುಕಿದೆ. ಅವಳು ಮೊಣಕೈ ತಟ್ಟಿದಳು. ಬಲಕ್ಕೆ. ಸ್ವಲ್ಪ ಮೇಲೆ.

ಬಿಳಿ ಹುಬ್ಬು. ಹೆಬ್ಬೆರಳಿನಷ್ಟು ಮೈ. ಅದೇ.

ಕೊಕ್ಕು ತೆರೆದುಕೊಂಡು ಕೂತಿತ್ತು. ಆಕಳಿಸುತ್ತಿದೆ ಅಂದುಕೊಂಡೆ. ಆದರೆ ಗಂಟಲು ನಡುಗುತ್ತಿತ್ತು, ಬಾಲವೂ ನಡುಗುತ್ತಿತ್ತು, ಇಡೀ ಮೈ ಏನನ್ನೋ ಹೊರಗೆ ಎಸೆಯುತ್ತಿತ್ತು. ಕೊಕ್ಕು ಮುಚ್ಚಿತು, ಮತ್ತೆ ತೆರೆಯಿತು. ಆಗ ನಕಿಬೂಲೆಯ ಬೆರಳು ನನ್ನ ಮೊಣಕೈ ಮೇಲೆ ಶುರುವಾಯಿತು. ಎರಡು ಸಲ ಒತ್ತಿ ಹಿಡಿದಳು. ನಾಲ್ಕು ಸಲ ಮೆಲ್ಲಗೆ ತಟ್ಟಿದಳು. ಕೊನೆಗೆ ಬೆರಳನ್ನು ಮಣಿಕಟ್ಟಿನವರೆಗೆ ಎಳೆದಳು. ಮೇಲೆ ಕೊಕ್ಕೂ ಹಾಗೇ ಆಡುತ್ತಿತ್ತು, ಒಂದು ಕೂದಲೆಳೆಯಷ್ಟೂ ಹಿಂದು ಮುಂದಿಲ್ಲದೆ.

ನನ್ನ ಸುತ್ತ ಏನೇನೂ ಕೇಳಿಸುತ್ತಿರಲಿಲ್ಲ.

ಎಷ್ಟು ಹೊತ್ತು ನೋಡಿದೆನೋ. ದುರ್ಬೀನಿನ ಗಾಜು ಮಂಜಾಯಿತು, ಒರೆಸಿದೆ, ಮತ್ತೆ ಮಂಜಾಯಿತು. ನಾನು ಅಳುತ್ತಿದ್ದೆ. ಅವಳು ಬೇರೆ ಕಡೆ ನೋಡುತ್ತ ಕೂತಳು.

ಹೊರಡುವಾಗ ಅಂಗಳದಲ್ಲಿ ಅವಳು ಮಂಡಿಯೂರಿದಳು. ಇವತ್ತು ತಲೆ ತಗ್ಗಿಸಲಿಲ್ಲ. ನಾನು ಅವಳ ತುಟಿಯನ್ನೇ ನೋಡುತ್ತ ನಿಂತೆ. ಎರಡು ‘ಹ್ಞೂಂ’ ಆದವು. ಮೂರನೆಯದೂ ಆಯಿತು. ನಾಲ್ಕು, ಐದು. ಮೂಗಿನ ಹೊಳ್ಳೆ ಅಲುಗಿದಷ್ಟೇ, ಕೊನೆಗೆ ಗದ್ದ ಇಳಿದಷ್ಟೇ. ಒಂಬತ್ತು. ಜನವರಿಯಿಂದ ದಿನಾ ಬೆಳಿಗ್ಗೆ ಈ ಹೆಂಗಸು ನನಗೆ ಒಂಬತ್ತು ಹೇಳುತ್ತ, ನನ್ನ ಉತ್ತರಕ್ಕೆ ಮಂಡಿಯೂರಿಕೊಂಡೇ ಕಾದಿದ್ದಾಳೆ. ಇವತ್ತು ಪ್ರತಿಯೊಂದಕ್ಕೂ ಹ್ಞೂಂ ಅಂದೆ. ಎಷ್ಟು ಜೋರಾಗಿ ಅಂದೆನೋ, ಅವಳ ತಾಯಿ ಅಡುಗೆಮನೆಯಿಂದ ಹೊರಗೆ ಬಂದು ನೋಡಿದಳು.

ದಾರಿಯುದ್ದಕ್ಕೂ ಒಂದೇ ಯೋಚನೆ. ಹನ್ನೆರಡು ವರ್ಷದ ಹಿಂದೆ ಲುಕ್ವಾಗೊ ಬರೆದನಲ್ಲ, ಆ ಹಕ್ಕಿಯೂ ಸಣ್ಣ ದನಿಯದೇ. ಜೊಂಡಿನದು. ನಾನು ಪಕ್ಕದಲ್ಲೇ ಇದ್ದೆ, ಏನೂ ಕೇಳಿಸಲಿಲ್ಲ ಎಂದು ಎಲ್ಲರೆದುರು ಹೇಳಿದ್ದೆ.

ಕಿಟೋರೊ ತಿರುವಿನಲ್ಲಿ ವ್ಯಾನು ನಿಲ್ಲಿಸಿದೆ. ಅವನು ಬೈಕಿಗೆ ಒರಗಿ ಸುಟ್ಟ ಜೋಳ ತಿನ್ನುತ್ತಿದ್ದ. ಅವನ ತಲೆಯೂ ನರೆತಿದೆ. ನನ್ನನ್ನು ಕಂಡು ಜೋಳ ಕೆಳಗಿಟ್ಟ, ಎಂದಿನಂತೆ ತಲೆ ತಗ್ಗಿಸಿದ. ಹತ್ತಿರ ಹೋಗಿ ನಿಂತೆ.

“ಲುಕ್ವಾಗೊ, ಅವತ್ತು ಮಬಾಂಬಾದಲ್ಲಿ ಆ ಹಕ್ಕಿ ಹಾಡಿತ್ತಾ?”

ನೆಲ ನೋಡಿಕೊಂಡೇ ಅವನು ಏನೋ ಹೇಳಿದ. ಉದ್ದವಾಗಿಯೇ ಹೇಳಿದ, ಗದ್ದ ಅಲುಗುತ್ತಿತ್ತು.

“ತಲೆ ಎತ್ತಪ್ಪ” ಅಂದೆ. “ನಂಗೆ ನಿನ್ನ ಬಾಯಿ ಕಾಣ್ಬೇಕು.”